ಒಂದು ತೋಳಿನಷ್ಟು ಹೊತ್ತು

ಇಸ್ತ್ರಿ ಅಕ್ಕ ಬೆಳಿಗ್ಗೆ ಅಂಗಡಿಯ ಬಾಗಿಲು ತೆಗೆದ ಕೂಡಲೇ ಇಸ್ತ್ರಿಪೆಟ್ಟಿಗೆಯನ್ನು ಮುಟ್ಟುತ್ತಿರಲಿಲ್ಲ. ಮೊದಲು ಜೇಬು. ಹಿಂದಿನ ದಿನ ಬಂದು ಬಿದ್ದ ಕೋಟು, ಪ್ಯಾಂಟು, ಅಂಗಿ, ಶಾಲೆ ಮಕ್ಕಳ ಚಡ್ಡಿ, ಒಂದನ್ನೂ ಬಿಡದೆ ಪ್ರತಿ ಜೇಬಿಗೂ ಎರಡು ಬೆರಳು ಇಳಿಬಿಡುವಳು. ಮೂಲೆಯಲ್ಲಿ ಗಟ್ಟಿಯಾದ ಧೂಳನ್ನು ಉಗುರಿನಲ್ಲಿ ಕೆರೆಯುವಳು. ಆಮೇಲೆ ಜೇಬನ್ನು ನಾಯಿಯ ನಾಲಿಗೆಯ ಹಾಗೆ ಹೊರಗೆಳೆದು ಬಿಡುವಳು. ಸಿಕ್ಕಿದ್ದೆಲ್ಲ ಅಂಚು ಒಡೆದ ಒಂದು ಪಿಂಗಾಣಿ ತಟ್ಟೆಗೆ ಹೋಗುತ್ತಿತ್ತು. ಬಸ್ ಟಿಕೇಟು, ಗುಂಡಿ, ಮಗುವಿನ ಹಾಲುಹಲ್ಲು, ಯಾರೋ ಬರೆದು ಯಾರಿಗೂ ಕೊಡದ ಕಾಗದ. ಒಂದೊಂದನ್ನು ತಟ್ಟೆಗೆ ಹಾಕುವಾಗಲೂ ಅವಳ ತುಟಿ ಅಲುಗುತ್ತಿತ್ತು: “ಯಾರದ್ದೋ ಅವರಿಗೇ ಸೇರಲಿ, ದೇವರೇ.” ಮಂತ್ರವಲ್ಲ, ತಂತ್ರವಲ್ಲ. ಅಷ್ಟೇ ಅವಳ ಪೂಜೆ.

ತಟ್ಟೆಯಲ್ಲಿದ್ದದ್ದನ್ನು ಅದರ ಒಡೆಯರು ಬಂದು ಕೇಳುವ ತನಕ ಯಾರೂ ಮುಟ್ಟುವ ಹಾಗಿಲ್ಲ. ಆ ನಿಯಮ ಮಾಡಿದವಳು ಅವಳ ತಾಯಿ. ಅಂಗಡಿಯೂ ತಾಯಿಯದೇ. ಎರಡು ಕೋಣೆ, ನಡುವೆ ಒಂದು ಬಾಗಿಲು. ಮುಂದಿನ ಕೋಣೆಯಲ್ಲಿ ಕಂಬಳಿ ಹೊದಿಸಿದ ಮೇಜು, ಗೋಡೆ ಗಡಿಯಾರ, ಬಟ್ಟೆ ತೂಗುಹಾಕುವ ಕಬ್ಬಿಣದ ಸಲಾಕೆ. ಹಿಂದಿನ ಕೋಣೆಯಲ್ಲಿ ನಲ್ಲಿ, ಒಗೆಯುವ ತೊಟ್ಟಿ, ಒಂದು ಹಳೆಯ ಮಂಚ. ಅಕ್ಕ ಇಪ್ಪತ್ತೊಂದಕ್ಕೆ ಆ ಮೇಜಿನ ಮುಂದೆ ನಿಂತವಳು, ಈಗ ಐವತ್ತೆರಡು. ಮದುವೆ ಯಾಕೆ ಆಗಲಿಲ್ಲವೆಂದು ಕೇಳಿದವರಿಗೆ, “ಸುಕ್ಕಿಲ್ಲದ ಗಂಡು ಸಿಗಲಿಲ್ಲ” ಎನ್ನುತ್ತಿದ್ದಳು. ತಂಗಿ ಮದುವೆಯಾಗಿ ಹೋಗಿ, ಗಂಡ ತೀರಿಕೊಂಡ ಮೇಲೆ ಒಂದು ಪೆಟ್ಟಿಗೆ ಹಿಡಿದು ಮರಳಿ ಬಂದಳು. ತಂಗಿಗೆ ನಲವತ್ತೇಳಾದರೂ ಅಕ್ಕನ ಬಾಯಲ್ಲಿ ಅವಳು ಪುಟ್ಟಿಯೇ. ಹಿಂದಿನ ಕೋಣೆಯಲ್ಲಿ ಪುಟ್ಟಿ ಒಗೆಯುವುದು, ಮುಂದಿನ ಕೋಣೆಯಲ್ಲಿ ಅಕ್ಕ ಇಸ್ತ್ರಿ ತೀಡುವುದು, ನಡುವಿನ ಬಾಗಿಲಿನಿಂದ ಇಡೀ ದಿನ ಇಬ್ಬರ ಮಾತು ಹೋಗಿ ಬರುವುದು. ಆ ಬಾಗಿಲಿಗೆ ಕದವೇ ಇರಲಿಲ್ಲ. ಇದ್ದರೂ ಅವರಿಬ್ಬರ ಮಾತಿಗೆ ಮುರಿದುಹೋಗುತ್ತಿತ್ತು ಎಂದು ಪಕ್ಕದಂಗಡಿಯ ಬೀಗದ ಮಾವ ನಗುತ್ತಿದ್ದ.

ಅದೇ ಬಾಗಿಲಿನಿಂದ ಹದಿನಾರು ವರ್ಷದ ಹಿಂದೆ, ಒಂದು ಮಧ್ಯಾಹ್ನ, ಜ್ವರವೆಂದು ಮಂಚದ ಮೇಲೆ ಮಲಗಿದ್ದ ತಾಯಿ “ಮಗಾ” ಎಂದು ಕರೆದಿದ್ದಳು. ಅಕ್ಕ ವಕೀಲರೊಬ್ಬರ ಕೋಟು ತೀಡುತ್ತಿದ್ದಳು. ಒಂದು ತೋಳು ಮುಗಿದಿತ್ತು. “ಬಂದೆ ಅಮ್ಮಾ, ಇದೊಂದು ತೋಳು” ಎಂದಳು. ತೋಳು ತೀಡಲು ಎಷ್ಟು ಹೊತ್ತು? ನಾಲ್ಕು ನಿಮಿಷ. ಕೋಟನ್ನು ತೂಗುಹಾಕಿ ಒಳಗೆ ಹೋದಾಗ ತಾಯಿಯ ಕಣ್ಣು ಬಾಗಿಲ ಕಡೆಗೇ ಇತ್ತು. ಉಸಿರು ಇರಲಿಲ್ಲ.

ಇದನ್ನು ಅಕ್ಕ ಯಾರ ಮುಂದೆಯೂ ಹೇಳಿದವಳಲ್ಲ. ಪುಟ್ಟಿಯ ಮುಂದೆಯೂ.

ಆ ದಿನ ಬೆಳಿಗ್ಗೆ, ಆಗಷ್ಟೇ ಬಿಟ್ಟು ಹೋಗಿದ್ದ ಬೂದು ಬಣ್ಣದ ಉಣ್ಣೆ ಕೋಟಿನ ಒಳಜೇಬಿಗೆ ಬೆರಳು ಇಳಿಸಿದಾಗ ತಣ್ಣಗಿನ, ಭಾರದ ವಸ್ತುವೊಂದು ತಾಕಿತು. ಸೋಪಿನ ಬಿಲ್ಲೆಯಷ್ಟು ದೊಡ್ಡದು. ಒಂದು ಮಗ್ಗುಲಿಗೆ ಹಲ್ಲು ಹಲ್ಲಿನ ಪುಟ್ಟ ಚಕ್ರ, ಅದರ ಪಕ್ಕ ಮುಂದಕ್ಕೊಂದು ಹಿಂದಕ್ಕೊಂದು ಬಾಣದ ಗುರುತು. ಅಕ್ಕನಿಗೆ ನೋಡಿದ ಕೂಡಲೇ ಗೊತ್ತಾಯಿತು. ಕೋಟು ಅಳತೆ ಆಫೀಸಿನವರದು. ಅವರು ಆ ಬೀದಿಯಲ್ಲಿ ಹೆಸರುವಾಸಿ. ಗುಡ್ಡ ಹತ್ತದೇ ಗುಡ್ಡ ಅಳೆಯುವವರು. ಅವರ ಕೈಲಿರುವ ಯಂತ್ರ ನೆಲವನ್ನು ಬಟ್ಟೆಯ ಹಾಗೆ ಮಡಚುತ್ತದಂತೆ. ಆಚೆ ತುದಿ ಈಚೆ ತುದಿ ಒಂದಕ್ಕೊಂದು ತಾಗಿ ನಿಲ್ಲುತ್ತವಂತೆ. ನಡುವಿನ ನೆಲ, ಅದರ ಮೇಲಿನ ಹೊತ್ತು, ಎಲ್ಲ ಮಡಿಕೆಯ ಒಳಗೆ. ಕಾಲು ಗಂಟೆಯಾದರೆ ಮಡಿಕೆ ತಾನಾಗಿ ಬಿಚ್ಚಿಕೊಳ್ಳುತ್ತದಂತೆ. ಆಫೀಸಿನಲ್ಲಿ ಅದಕ್ಕೇನೋ ಉದ್ದದ ಹೆಸರಿತ್ತು. ಬೀದಿಯವರು ‘ಕೈಮಡಿಕೆ’ ಅನ್ನುತ್ತಿದ್ದರು.

“ಪುಟ್ಟೀ, ಅಳತೆಯವರು ಕೈಮಡಿಕೆ ಮರೆತು ಹೋಗಿದಾರೆ ಕಣೇ.”

“ಅಯ್ಯೋ, ತೋರ್ಸು ತೋರ್ಸು.” ಒದ್ದೆ ಕೈಯಲ್ಲೇ ಪುಟ್ಟಿ ಬಂದಳು. “ಇಷ್ಟೇನಾ? ನಾನೇನೋ ಇಸ್ತ್ರಿಪೆಟ್ಟಿಗೆ ಥರ ಇರುತ್ತೆ ಅಂದ್ಕೊಂಡಿದ್ದೆ.”

“ಮುಟ್ಬೇಡ. ತಟ್ಟೇಲಿರ್ಲಿ. ಬೀಗದ ಮಾವನ ಹತ್ರ ಆಫೀಸಿಗೆ ಹೇಳಿ ಕಳಿಸ್ತೀನಿ. ಈ ತೋಳೊಂದು ಮುಗಿಸಿಬಿಡ್ತೀನಿ.”

ಬಾಯಿಂದ ಮಾತು ಹೊರಟ ಮೇಲೆ ಅಕ್ಕನಿಗೆ ಏನೋ ಚುಚ್ಚಿದಂತಾಯಿತು. ಆದರೂ ತೋಳು ಮೇಜಿನ ಮೇಲೆ ಹಾಸಿಯಾಗಿತ್ತು, ಪೆಟ್ಟಿಗೆ ಕಾದಿತ್ತು. ಅವಳು ತಲೆ ತಗ್ಗಿಸಿದಳು. ಪುಟ್ಟಿ ತಟ್ಟೆಗೆ ಕೈ ಹಾಕಿ ಸದ್ದಿಲ್ಲದೆ ಒಳಗೆ ನಡೆದದ್ದನ್ನು ಅವಳು ನೋಡಲಿಲ್ಲ.

ಗಡಿಯಾರದಲ್ಲಿ ಹತ್ತು ಗಂಟೆ ಹತ್ತು ನಿಮಿಷ. ಒಳಗಿನಿಂದ ಪುಟ್ಟಿಯ ನಗು ಕೇಳಿತು. “ಅಕ್ಕಾ, ಇಲ್ನೋಡೇ, ಈ ಚಕ್ರ ತಿರುಗಿಸಿದ್ರೆ...” ಮಾತು ಅಲ್ಲಿಗೆ ನಿಂತಿತು.

ಅಕ್ಕ ತಲೆಯೆತ್ತಿದಳು. ಬಾಗಿಲಿರಲಿಲ್ಲ.

ಬಾಗಿಲ ಚೌಕಟ್ಟಿನ ಎರಡು ಪಟ್ಟಿಗಳೂ ಪರದೆಯನ್ನು ಎರಡು ಕಡೆಯಿಂದ ಚಿವುಟಿ ಹಿಡಿದಂತೆ ಹತ್ತಿರ ಬಂದು ನಿಂತಿದ್ದವು. ನಡುವೆ ನೆಲದಿಂದ ಮೇಲಿನವರೆಗೆ ಒಂದು ಗೆರೆ. ಗೆರೆಯ ಅಕ್ಕಪಕ್ಕ ಗಾಳಿ ನಿರಿಗೆಗಟ್ಟಿತ್ತು. ನೀರು ಚಿಮುಕಿಸದೆ ಒಣಗಿದ ಹತ್ತಿ ಬಟ್ಟೆ ಹೇಗೆ ಕಾಣುತ್ತದೋ ಹಾಗೆ.

ಅಲ್ಲಿ ಬೇರೆ ಯಾರಿದ್ದರೂ ಕಿರುಚುತ್ತಿದ್ದರು, ಇಲ್ಲವೇ ಬೀದಿಗೆ ಓಡುತ್ತಿದ್ದರು. ಸುಮ್ಮನೆ ಕಾಲು ಗಂಟೆ ಕಾದಿದ್ದರೆ ಅದು ತಾನೇ ಬಿಚ್ಚಿಕೊಳ್ಳುತ್ತಿತ್ತು. ಆದರೆ ಮೂವತ್ತೊಂದು ವರ್ಷ ಸುಕ್ಕು ಕಂಡಲ್ಲೆಲ್ಲ ಹೋದ ಕೈ ಅದು. ಯೋಚನೆ ಏಳುವ ಮೊದಲೇ ಕೈ ಎದ್ದಿತ್ತು. ಅಕ್ಕ ಒದ್ದೆ ಬಟ್ಟೆಯನ್ನು ಗೆರೆಯ ಮೇಲೆ ಹಿಡಿದು, ಕಾದ ಪೆಟ್ಟಿಗೆಯನ್ನು ಒತ್ತಿ, ಮೇಲಿನಿಂದ ಕೆಳಗಿನವರೆಗೆ ಒಂದೇ ಎಳೆತಕ್ಕೆ ಎಳೆದಳು. ಬಿಗಿಯಾಗಿ ಹಾಸಿದ ದಪ್ಪ ಬಟ್ಟೆಯ ಮೇಲೆ ಎಳೆದಷ್ಟೇ ಸಲೀಸಾಗಿ ಹೋಯಿತು. ಚುಂಯ್ ಎಂದು ಹಬೆ ಎದ್ದಿತು.

ಹಬೆ ಇಳಿದ ಮೇಲೆ ನೋಡಿದರೆ ಗಾಳಿಯ ನಿರಿಗೆಗಳೇನೋ ಹೋಗಿದ್ದವು. ಗೆರೆ ಮಾತ್ರ ಚಾಕುವಿನ ಅಲಗಿನ ಹಾಗೆ ನೆಟ್ಟಗೆ, ಹರಿತವಾಗಿ ನಿಂತಿತ್ತು. ಹೊಸ ಪ್ಯಾಂಟಿನ ಗೆರೆ.

ಆಗ ಅವಳಿಗೆ ಹೊಳೆಯಿತು. ಮಡಿಕೆಯನ್ನು ಬಿಡಿಸುವ ಬದಲು ಇಸ್ತ್ರಿ ಹಾಕಿ ಕೂರಿಸಿಬಿಟ್ಟಿದ್ದಳು.

“ಪುಟ್ಟೀ!”

ಗೆರೆಯೊಳಗಿನಿಂದ ಒಂದು ದನಿ ಬರುತ್ತಿತ್ತು. ಮಾತಲ್ಲ. ದೂರದಲ್ಲಿ ಕೆಟಲ್ ಕಾಯುವಾಗ ಬರುವಂಥ ಒಂದೇ ಸಮನೆಯ ಗುಂಯ್‌ಗುಡುವಿಕೆ. ಅಕ್ಕ ಕಿವಿಯಿಟ್ಟು ಕೇಳಿದಳು. ಕೇಳುತ್ತಾ ಕೇಳುತ್ತಾ ಅದೇನೆಂದು ತಿಳಿಯಿತು. ಅದು ಪುಟ್ಟಿಯ ಬಾಯಿಂದ ಹೊರಟ ‘ಅ’. ‘ಅಕ್ಕಾ’ ಎನ್ನಲು ಬಾಯಿ ತೆರೆದಿದ್ದಾಳೆ. ‘ಕ್ಕಾ’ ಇನ್ನೂ ಬಂದಿಲ್ಲ.

ಗಡಿಯಾರದ ಮುಳ್ಳು ಐದು ನಿಮಿಷ ಮುಂದಕ್ಕೆ ಹೋಯಿತು. ಇನ್ನೂ ‘ಅ’. ಮತ್ತೂ ಭಯವಾದದ್ದೆಂದರೆ ಆ ದನಿ ಮೆಲ್ಲಮೆಲ್ಲನೆ ಕೆಳಗಿಳಿಯುತ್ತಿತ್ತು, ದಪ್ಪವಾಗುತ್ತಿತ್ತು. ಇಸ್ತ್ರಿಯವರಿಗೆ ಒಂದು ವಿಷಯ ಗೊತ್ತು: ಗೆರೆ ಕೂರುವುದು ಪೆಟ್ಟಿಗೆ ಎಳೆದಾಗಲ್ಲ, ಬಟ್ಟೆ ಆರಿದಾಗ. ಅದಕ್ಕೇ ತೀಡಿದ ಕೂಡಲೇ ಮಡಚುವುದಿಲ್ಲ, ತೂಗುಹಾಕಿ ಆರಲು ಬಿಡುತ್ತಾರೆ. ಇದೂ ಆರುತ್ತಿದೆ. ಪೂರಾ ಆರಿದರೆ ಪುಟ್ಟಿಯ ಮಾತು ಮುಗಿಯುವುದೇ ಇಲ್ಲ.

ಅಕ್ಕ ಪೆಟ್ಟಿಗೆಯನ್ನು ಗೆರೆಗೆ ಮುಟ್ಟಿಸದೆ ಎರಡು ಬೆರಳು ದೂರದಲ್ಲಿ ಹಿಡಿದು ಶಾಖ ಕೊಡತೊಡಗಿದಳು. ದನಿ ಇಳಿಯುವುದು ನಿಂತಿತು. ಪೆಟ್ಟಿಗೆ ನಾಲ್ಕು ಸೇರು ತೂಕದ್ದು. ಅದನ್ನು ಎತ್ತಿ ಹಿಡಿದುಕೊಂಡೇ ಅವಳು ಬೀದಿಗೆ ಕೇಳುವ ಹಾಗೆ ಕೂಗಿದಳು: “ಮಾವಾ! ಬೀಗದ ಮಾವಾ!”

ಬೀಗದ ಮಾವ ಕೈಗಂಟಿದ ಅರದ ಪುಡಿಯನ್ನೂ ಒರೆಸದೆ ಓಡಿ ಬಂದ. ಗೆರೆ ನೋಡಿದ. ಹಿಂದಿನ ಓಣಿಗೆ ಓಡಿಹೋಗಿ ನೋಡಿ ಬಂದ. “ಆ ಕಡೆ ಕಿಟಕಿನೂ ಇಲ್ಲ. ಅಲ್ಲೂ ಇದೇ ಗೆರೆ. ಅಲ್ಲಮ್ಮಾ, ಬಾಗಿಲೇ ಮಾಯ ಆದ್ಮೇಲೆ ನಾನು ಯಾವ ತೂತಿಗೆ ಬೀಗದಕೈ ಹಾಕ್ಲಿ?”

“ನೀವು ಏನೂ ತೆಗೀಬೇಡಿ. ಓಡಿಹೋಗಿ ಅಳತೆಯವರನ್ನ ಕರ್ಕೊಂಡು ಬನ್ನಿ. ಅದಕ್ಕೂ ಮುಂಚೆ ಎರಡು ಬಕೆಟ್ ನೀರು ತಂದಿಡಿ. ನನ್ನ ನಲ್ಲಿ ಆ ಕಡೆ ಉಳ್ಕೊಂಡಿದೆ.”

ಅಳತೆಯವರು ಆಫೀಸಿನಲ್ಲಿರಲಿಲ್ಲ, ಮಾವ ಹುಡುಕಿ ಕರೆತರುವಾಗ ಹನ್ನೆರಡು ಹೊಡೆದಿತ್ತು. ನಲವತ್ತರ ಆಸುಪಾಸಿನ ತೆಳ್ಳನೆಯ ಮನುಷ್ಯ. ಬಂದವರೇ ಗೆರೆಯ ಮುಂದೆ ಕುಕ್ಕರಿಸಿ ಕುಳಿತು ತಲೆಗೆ ಕೈಹೊತ್ತರು.

“ಇದನ್ನ ಒತ್ತಿದ್ದು ಯಾರು?”

“ನಾನೇ. ಸುಕ್ಕು ಅಂತ...”

“ಯಾಕಮ್ಮಾ ಹೀಗೆ ಮಾಡಿದ್ರಿ! ಸುಮ್ನಿದ್ದಿದ್ರೆ ಹತ್ತೂ ಇಪ್ಪತ್ತೈದಕ್ಕೆ ತಾನೇ ಬಿಚ್ಕೊಳ್ತಿತ್ತು.”

“ನೀವ್ಯಾಕಪ್ಪಾ ಜೇಬಲ್ಲಿ ಬಿಟ್ಟು ಹೋದ್ರಿ?” ಎಂದ ಬೀಗದ ಮಾವ.

ಅಳತೆಯವರು ಹೇಳಿದ್ದಿಷ್ಟು. ಕೈಮಡಿಕೆ ಹಿಡಿದವರು ಮಡಿಕೆಯ ಹೊರಗೆ ನಿಲ್ಲಬೇಕು. ಅದು ಅವರಿಗೆ ಕಲಿಸುವ ಮೊದಲ ಪಾಠ. ಈಗ ಯಂತ್ರವೂ ಒಳಗೆ, ಹಿಡಿದವಳೂ ಒಳಗೆ. ಹಿಂದಿನ ಬಾಣದ ಕಡೆಗೆ ಚಕ್ರ ತಿರುಗಿಸಿದರೆ ಬಿಚ್ಚಿಕೊಳ್ಳುತ್ತದೆ, ಆದರೆ ತಿರುಗಿಸು ಎಂದು ಪುಟ್ಟಿಗೆ ಹೇಳುವವರು ಯಾರು? ಅವಳ ಪಾಲಿಗೆ ಅರ್ಧ ಕ್ಷಣವೂ ಕಳೆದಿಲ್ಲ.

“ಆಫೀಸಿಗೆ ತಿಳಿಸ್ಬೇಕು” ಎಂದರು. “ಸಂಜೆ ಐದಕ್ಕೆ ಎಲ್ಲಾ ಯಂತ್ರಗಳೂ ಕಪಾಟಿಗೆ ಸೇರ್ಬೇಕು. ಸೇರದಿದ್ರೆ ಅವರಿಗೇ ಗೊತ್ತಾಗುತ್ತೆ, ಬರ್ತಾರೆ.”

“ಬಂದು ಏನು ಮಾಡ್ತಾರೆ?”

ಅವರು ಗೆರೆಯ ಕಡೆ ನೋಡಿದರು, ಅಕ್ಕನ ಕಡೆ ನೋಡಲಿಲ್ಲ. “ಕೂತ ಮಡಿಕೆನ ಬಿಡಿಸೋಕೆ ಬರಲ್ಲಮ್ಮ. ಕತ್ತರಿಸ್ತಾರೆ.”

“ಒಳಗಿರೋರು?”

“ಒಮ್ಮೆ ಒಂದು ಕುದುರೆ ಸಿಕ್ಕಿತ್ತು...” ಎಂದು ಶುರುಮಾಡಿ ಅವರು ಬಾಯಿ ಮುಚ್ಚಿಕೊಂಡರು.

ಅಕ್ಕ ಪೆಟ್ಟಿಗೆಯನ್ನು ಬಲಗೈಯಿಂದ ಎಡಗೈಗೆ ಬದಲಾಯಿಸಿದಳು. ಎರಡು ಗಂಟೆಯಿಂದ ಅದನ್ನು ಕೆಳಗಿಟ್ಟಿರಲಿಲ್ಲ. “ಕತ್ತರಿ ಬಿದ್ದ ಬಟ್ಟೆಗೆ ಹೊಲಿಗೆ ಹಾಕ್ಬಹುದು. ನನ್ನ ತಂಗಿಗೆ ಯಾರು ಹಾಕ್ತಾರೆ? ಐದು ಗಂಟೆ ತನಕ ನಂಗೆ ಬಿಡಿ.”

“ನಿಮಗೆ ಇದರ ಬಗ್ಗೆ ಏನು ಗೊತ್ತಮ್ಮಾ?”

“ಇದರ ಬಗ್ಗೆ ಗೊತ್ತಿಲ್ಲ. ತಪ್ಪು ಗೆರೆ ತೆಗೆಯೋದು ಗೊತ್ತು. ಮೂವತ್ತೊಂದು ವರ್ಷದಲ್ಲಿ ಎಷ್ಟೋ ಸಲ ತಪ್ಪು ಹಾಕಿದೀನಿ. ಹಾಕಿದೋಳೇ ತೆಗೀಬೇಕು. ಈ ಕೆಟಲ್ ಹಿಡ್ಕೊಳ್ಳಿ. ಮೂತಿ ಗೆರೆ ಕಡೆಗಿರ್ಲಿ.”

ಆಫೀಸಿನಲ್ಲಿ ನಾಲ್ಕು ಜನರಿಗೆ ಆಜ್ಞೆ ಮಾಡುವ ಮನುಷ್ಯ ಕೆಟಲ್ ಹಿಡಿದು ನಿಂತರು. ಬೀಗದ ಮಾವ ತನ್ನ ಗ್ಯಾಸ್ ಒಲೆಯನ್ನೇ ಎತ್ತಿ ತಂದು ನೀರು ಕಾಯಿಸಿ ಕಾಯಿಸಿ ಕೊಟ್ಟ. ಅಕ್ಕ ಕಪಾಟಿನ ಕೆಳಗಿನಿಂದ ವಿನೆಗರ್ ಸೀಸೆ ತೆಗೆದಳು. ಉಣ್ಣೆಯಲ್ಲಿ ಹಟ ಹಿಡಿದು ಕೂತ ಗೆರೆ ಅದಕ್ಕೆ ಮಾತ್ರ ಮೆತ್ತಗಾಗುವುದು. ಮೃದುವಾದ ಬಟ್ಟೆಯನ್ನು ಅದರಲ್ಲಿ ಅದ್ದಿ ಹಿಂಡಿ, ಗೆರೆಯ ಮೇಲೆ ಹಿಡಿದು, ಅದರ ಮೇಲೆ ಹಬೆ ಬಿಡಿಸಿ, ತನ್ನ ಅಂಗೈಯಿಂದಲೇ ತಟ್ಟತೊಡಗಿದಳು. ಗೆರೆಯ ಉದ್ದಕ್ಕಲ್ಲ, ಅಡ್ಡಕ್ಕೆ. ಒತ್ತುವುದಲ್ಲ, ಎಳೆಯುವುದಂತೂ ಇಲ್ಲವೇ ಇಲ್ಲ. ಮಗುವಿನ ಬೆನ್ನು ತಟ್ಟಿದ ಹಾಗೆ. ಕೆಳಗಿನಿಂದ ಒಂದು ಗೇಣು, ಆಮೇಲೆ ಇನ್ನೊಂದು ಗೇಣು.

ಹಬೆಗೆ ಅಂಗೈ ಕೆಂಪಾಯಿತು, ಆಮೇಲೆ ಬೊಬ್ಬೆ ಎದ್ದಿತು. ಅವಳು ಕೈ ತೆಗೆಯಲಿಲ್ಲ. ಕಿವಿ ಮಾತ್ರ ಪುಟ್ಟಿಯ ದನಿಯ ಮೇಲೆ. ಅದೊಂದೇ ಅವಳಿಗೆ ದಾರಿ ತೋರಿಸುವಂಥದ್ದು. ಸರಿಯಾಗಿ ತಟ್ಟಿದರೆ ‘ಅ’ ಕೂದಲೆಳೆಯಷ್ಟು ಮೇಲೇರುವುದು. ಅವಸರ ಮಾಡಿದರೆ ಇಳಿಯುವುದು.

ಒಂದೂವರೆ ಗಂಟೆಗೆ ದನಿ ಏರಿದ್ದು ಸ್ಪಷ್ಟವಾಗಿ ತಿಳಿಯುವಂತಿತ್ತು. ಅಳತೆಯವರ ಮುಖ ಅರಳಿತು. “ಬರ್ತಾ ಇದೆ ಅಲ್ವಾ?”

“ಶ್.”

ಆ ಉತ್ಸಾಹದಲ್ಲಿ ಅವರು ಕೆಟಲಿನ ನೀರು ಬತ್ತಿದ್ದನ್ನು ಗಮನಿಸಲಿಲ್ಲ. ಹಬೆ ನಿಂತಿತು. ಇನ್ನೊಂದು ಪಾತ್ರೆಯ ನೀರು ಇನ್ನೂ ಕುದಿ ಬಂದಿರಲಿಲ್ಲ. ದನಿ ಜಾರತೊಡಗಿತು. ಹನ್ನೆರಡರಿಂದ ಗೇಣು ಗೇಣಾಗಿ ಗಳಿಸಿದ್ದೆಲ್ಲ ಮೂರು ನಿಮಿಷದಲ್ಲಿ ಕೈಬಿಟ್ಟು ಹೋಗುತ್ತಿತ್ತು. ‘ಅ’ ಎನ್ನುವುದು ದನಿಯಾಗಿ ಉಳಿಯದೆ ನೆಲದ ಕೆಳಗಿನ ನಡುಕದಂತಾಯಿತು. ಅಕ್ಕ ಕೈಯಲ್ಲಿದ್ದ ಬಟ್ಟೆಯನ್ನು ಬಿಟ್ಟಳು. ಎರಡು ಹೆಜ್ಜೆ ಮುಂದೆ ಬಂದು, ತನ್ನ ಕೆನ್ನೆಯನ್ನು, ಎದೆಯನ್ನು, ಎರಡು ಅಂಗೈಯನ್ನು ಗೆರೆಗೆ ಒತ್ತದೆ ಆನಿಸಿ ನಿಂತಳು. ಮೈಯ ಬಿಸಿಯಾದರೂ ತಾಗಲಿ ಎಂದು. ತುಟಿ ಅಲುಗುತ್ತಿತ್ತು. ಬೆಳಗಿನ ಅದೇ ಮಾತು, ಯಾರದ್ದೋ ಅವರಿಗೇ ಸೇರಲಿ. ಆದರೆ ಈ ಸಲ ಅರ್ಧಕ್ಕೇ ನಿಲ್ಲಿಸಿ, “ನನ್ನವಳು, ನಂಗೇ ಸೇರ್ಲಿ” ಎಂದಳು. ಅಷ್ಟು ವರ್ಷದಲ್ಲಿ ಅವಳು ತನಗೆಂದು ಬೇಡಿದ್ದು ಅದೇ ಮೊದಲು.

ನೀರು ಕುದಿಯಿತು. ಹಬೆ ಬಂತು. ನಡುಕ ಮತ್ತೆ ದನಿಯಾಯಿತು.

ಮೂರು ಗಂಟೆಯ ಹೊತ್ತಿಗೆ ಗೆರೆಯೊಳಗಿನಿಂದ ‘ಕ್ಕ’ ಎನ್ನುವುದು ಹೊರಟಿತು. ಬಾಗಿಲು ಕಿರುಗುಟ್ಟಿದಂತೆ ಬಹಳ ಹೊತ್ತು ಬಂತು. ಬೀಗದ ಮಾವ ಮೂಗೊರೆಸಿಕೊಂಡು ಬೀದಿಯ ಕಡೆ ತಿರುಗಿ ನಿಂತ.

ಕೈ ಕೆಲಸ ಮಾಡುವಾಗ ಕೆಲವರ ಬಾಯಿ ತಾನೇ ಬಿಚ್ಚಿಕೊಳ್ಳುತ್ತದೆ. ಅಳತೆಯವರು ಕೇಳಿದ್ದು ಇಷ್ಟೇ: “ಸ್ವಲ್ಪ ಕೂತ್ಕೊಂಡು ಮಾಡ್ಬಾರ್ದಾ ಅಮ್ಮಾ, ಎರಡು ನಿಮಿಷ?” ಅಕ್ಕ ಗೆರೆಯಿಂದ ಕಣ್ಣು ತೆಗೆಯದೆ ಹೇಳಿದಳು. ಆ ವಕೀಲರ ಕೋಟು, ‘ಮಗಾ’ ಎಂದ ತಾಯಿ, ಇದೊಂದು ತೋಳು. ಗೋಡೆಗೆ ಹೇಳುವ ಹಾಗೆ ಹೇಳಿದಳು. “ಎರಡು ನಿಮಿಷ ಅನ್ನೋದು ನನ್ನ ಮುಂದೆ ಹೇಳ್ಬೇಡಿ. ಇವತ್ತೂ ಅದನ್ನೇ ಅಂದೆ. ಈ ತೋಳೊಂದು, ಅಂದೆ. ನಿಮ್ಮ ಕೋಟಿಂದೇ ತೋಳು.”

ಅಳತೆಯವರು ಕೆಟಲನ್ನು ಇನ್ನಷ್ಟು ಗಟ್ಟಿಯಾಗಿ ಹಿಡಿದುಕೊಂಡರು.

ನಾಲ್ಕೂ ಇಪ್ಪತ್ತು. ಗೆರೆ ಸೊಂಟದ ತನಕ ಮಸುಕಾಗಿತ್ತು, ಮೇಲೆ ಇನ್ನೂ ಹರಿತ. ವಿನೆಗರ್ ಸೀಸೆ ಬರಿದಾಗಿತ್ತು. ಅಕ್ಕ ಕುರ್ಚಿ ಹತ್ತಿ ಮೇಲಿನ ಭಾಗ ತಟ್ಟುತ್ತಿದ್ದಳು, ಬೀಗದ ಮಾವ ಕುರ್ಚಿಯ ಕಾಲು ಹಿಡಿದಿದ್ದ. ಅಳತೆಯವರು ಗಡಿಯಾರ ನೋಡುವುದು, ಬೀದಿ ನೋಡುವುದು, ಗಡಿಯಾರ ನೋಡುವುದು.

ನಾಲ್ಕೂ ಮೂವತ್ತೈದಕ್ಕೆ ಗೆರೆಯೊಳಗಿನಿಂದ ಒಂದು ಮಾತು ಬಂತು. ಎಳೆದೆಳೆದು, ನಿದ್ದೆಗಣ್ಣಿನವರು ಆಡಿದ ಹಾಗೆ, ಆದರೆ ಮಾತು.

“ಏ... ನೇ... ಅದು... ಹುಳೀ... ವಾಸನೆ?”

ಅಕ್ಕ ಕುರ್ಚಿಯಿಂದ ಬೀಳುವಂತಾದಳು. ಬಾಯಿಯನ್ನು ಗೆರೆಗೆ ತಂದು, ಒಂದೊಂದೇ ಅಕ್ಷರ ಬಿಡಿಸಿ ಕೂಗಿದಳು: “ಪುಟ್ಟೀ! ಚಕ್ರ! ಹಿಂದಕ್ಕೆ! ತಿರುಗಿಸು!”

ಒಳಗೆ ಸದ್ದಿಲ್ಲ. ಮುಳ್ಳು ಒಂದು ನಿಮಿಷ ನಡೆಯಿತು. ಎರಡು.

“ಯಾಕೆ... ಹಾಗೆ... ಕಿರುಚ್ತೀಯ? ತಿರುಗ್ಸ್ತೀನಿ... ತಾಳು.”

“ತಾಳಲ್ಲ! ಈಗ್ಲೇ!” ಅಕ್ಕ ಜೀವನದಲ್ಲೇ ಹಾಗೆ ಕೂಗಿರಲಿಲ್ಲ.

ಬಟ್ಟೆಯನ್ನು ಜಾಡಿಸಿದಂತೆ ಫಟ್ ಎಂದು ಸದ್ದಾಯಿತು. ಬಾಗಿಲ ಪಟ್ಟಿಗಳು ತಮ್ಮ ತಮ್ಮ ಜಾಗಕ್ಕೆ ಹೋಗಿ ನಿಂತವು. ಅದರ ನಡುವೆ ಪುಟ್ಟಿ, ಒಂದು ಕೈಯಲ್ಲಿ ಕೈಮಡಿಕೆ, ಇನ್ನೊಂದು ಕೈಯಿಂದ ಇನ್ನೂ ಸೋಪಿನ ನೊರೆ ತೊಟ್ಟಿಕ್ಕುತ್ತಿತ್ತು.

“ಏನಾಯ್ತು ನಿಮಗೆಲ್ಲ? ಅಳತೆಯವರು ಯಾಕೆ ಕೆಟಲ್ ಹಿಡ್ಕೊಂಡಿದಾರೆ? ಅಕ್ಕಾ, ನಿನ್ನ ಕೈ!”

ಅಕ್ಕ ಕುರ್ಚಿಯಿಂದ ಇಳಿದು, ಬೊಬ್ಬೆ ಎದ್ದ ಕೈಯಲ್ಲೇ ಅವಳ ಕೆನ್ನೆಗೆ ಒಂದು ಕೊಟ್ಟಳು. ಆಮೇಲೆ ಅದೇ ಕೆನ್ನೆಯನ್ನು ಎದೆಗೆ ಒತ್ತಿಕೊಂಡಳು. ಯಾರಿಗೆ ಹೆಚ್ಚು ನೋವಾಯಿತೋ ದೇವರೇ ಬಲ್ಲ.

ಅಳತೆಯವರು ಯಂತ್ರ ಕಿತ್ತುಕೊಂಡು ಓಡಿದರು. ಐದು ಹೊಡೆಯಲು ಎರಡು ನಿಮಿಷವಿದ್ದಾಗ ಅದು ಕಪಾಟು ಸೇರಿತಂತೆ. ಕೋಟು ಮೇಜಿನ ಮೇಲೆಯೇ ಉಳಿಯಿತು, ಒಂದು ತೋಳು ತೀಡಿ, ಒಂದು ತೋಳು ಹಾಗೇ.

ಆ ಸಂಜೆ ಪುಟ್ಟಿ ಅಕ್ಕನ ಕೈಗೆ ಮುಲಾಮು ಹಚ್ಚುತ್ತಾ, ಗಡಿಯಾರ ನೋಡಿ ಬೆರಳು ಮಡಚಿದಳು. “ಹತ್ತೂ ಹತ್ತರಿಂದ ನಾಲ್ಕೂ ನಲವತ್ತು. ಈಗ ನಾನು ನಿನಗಿಂತ ಇನ್ನೂ ಆರೂವರೆ ಗಂಟೆ ಚಿಕ್ಕೋಳು. ಹೊಡೆಯೋ ಮುಂಚೆ ಯೋಚ್ನೆ ಮಾಡು, ಮಗು ನಾನು.” ನಕ್ಕಳು. ನಗು ಅರ್ಧಕ್ಕೆ ನಿಂತು ಕಣ್ಣು ತುಂಬಿತು. “ಅಕ್ಕಾ, ತಟ್ಟೇನ ಇನ್ನು ಮುಟ್ಟಲ್ಲ.”

“ಮುಟ್ಟಿದ್ರೆ ಕೈ ತೀಡ್ತೀನಿ” ಎಂದಳು ಅಕ್ಕ.

ಬಾಗಿಲಲ್ಲಿ ಇವತ್ತಿಗೂ ಕೂದಲೆಳೆಯಷ್ಟು ಒಂದು ಗುರುತು ಉಳಿದಿದೆ. ಹೊಸಲು ದಾಟುವವರಿಗೆ ಅಲ್ಲಿ ಕಾಲು ಒಂದು ಚಿಟಿಕೆಯಷ್ಟು ತಡವಾಗಿ ಊರಿದಂತೆ ಅನ್ನಿಸುತ್ತದೆ. ಒಮ್ಮೆ ಕೂತ ಗೆರೆ ಪೂರ್ತಿ ಹೋಗುವುದಿಲ್ಲ. ಇಸ್ತ್ರಿಯವರು ಇದನ್ನು ಯಾರಿಗೂ ಹೇಳುವುದಿಲ್ಲ, ಅಷ್ಟೆ.

ನಾಲ್ಕು ದಿನ ಬಿಟ್ಟು ಬೆಳಿಗ್ಗೆ, ಅಕ್ಕ ಬಟ್ಟೆ ಸುತ್ತಿದ ಕೈಯಲ್ಲಿ ಜೇಬು ನೋಡುತ್ತಿದ್ದಾಗ ಅಳತೆಯವರು ಬಂದರು. ಹಿಂದಿನ ಕೋಣೆಯಲ್ಲಿ ನಲ್ಲಿ ಸುರಿಯುತ್ತಿತ್ತು. ಅವರು ಕೋಟು ಕೇಳಲಿಲ್ಲ. ಮೇಜಿನ ಆ ಕಡೆ ನಿಂತು ಒಳಬಾಗಿಲ ಕಡೆ ನೋಡಿದರು.

“ನಿಮ್ಮ ತಂಗಿಯವರು ಒಳಗಿದಾರಾ?”

“ಒಗೀತಿದಾಳೆ. ಯಾಕೆ?”

ಅವರು ದನಿ ತಗ್ಗಿಸಿದರು. “ನಾನು ಉಳ್ಕೊಂಡಿದ್ದು ನಿಮ್ಮಿಂದ. ಕೆಲಸ ಮಾತ್ರ ಅಲ್ಲ. ಅವರಿಗೇನಾದ್ರೂ ಆಗಿದ್ರೆ ನಾನು ಕನ್ನಡಿ ನೋಡ್ಕೊಳ್ಳೋಕಾಗ್ತಿರ್ಲಿಲ್ಲ.” ಜೇಬಿನಿಂದ ಕೈಮಡಿಕೆ ತೆಗೆದು ಮೇಜಿನ ಮೇಲಿಟ್ಟರು. “ಇದು ನೆಲ ಮಾತ್ರ ಮಡಚಲ್ಲಮ್ಮ. ಹೊತ್ತನ್ನೂ ಮಡಚುತ್ತೆ. ನಮಗೆ ಹಾಗೆ ಮಾಡ್ಬಾರ್ದು ಅಂತ ಅಪ್ಪಣೆ ಇದೆ, ಆದ್ರೆ ಮಾಡಕ್ಕೆ ಬರುತ್ತೆ. ಹದಿನಾರು ವರ್ಷದ ಹಿಂದಿನ ಆ ಮಧ್ಯಾಹ್ನನ ಈ ಬಾಗಿಲ ಆ ಕಡೆಗೆ ತಂದು ನಿಲ್ಲಿಸ್ತೀನಿ. ಕಾಲು ಗಂಟೆ. ಅವರು ‘ಮಗಾ’ ಅಂತಾರೆ, ನೀವು ಹೋಗಿ. ಒಂದು ತೋಳಿನಷ್ಟು ಹೊತ್ತು ಅಲ್ವಾ ನಿಮಗೆ ಬೇಕಾಗಿದ್ದು? ಅದರ ಮೂರರಷ್ಟಕ್ಕಿಂತ ಜಾಸ್ತಿನೇ ಸಿಗುತ್ತೆ.”

ಅಕ್ಕನ ಎರಡು ಬೆರಳು ಯಾರದ್ದೋ ಜೇಬಿನಲ್ಲಿ ಹಾಗೇ ನಿಂತವು. ಅವಳು ಬಾಗಿಲ ಕಡೆ ನೋಡಿದಳು. ಮಂಚದ ತಲೆದಿಂಬಿನ ಕಡೆ ನಿಂತು ಯಾವ ಮಾತು ಆಡಬೇಕು ಎಂಬುದನ್ನು ಅವಳು ಹದಿನಾರು ವರ್ಷದಿಂದ ಜೋಡಿಸಿಟ್ಟುಕೊಂಡಿದ್ದಳು. ಆ ಮಾತುಗಳೆಲ್ಲ ಒಟ್ಟಿಗೇ ಗಂಟಲಿಗೆ ಬಂದವು. ಅಳತೆಯವರ ಹೆಬ್ಬೆರಳು ಚಕ್ರದ ಮೇಲಿತ್ತು.

“ನಡುವಿನ ಹದಿನಾರು ವರ್ಷ?” ಎಂದಳು ಕೊನೆಗೆ. “ಆ ಹೊತ್ತಲ್ಲಿ ಅದು ಎಲ್ಲಿರುತ್ತೆ?”

“ಮಡಿಕೆ ಒಳಗೆ. ಕಾಲು ಗಂಟೆ ಅಷ್ಟೆ. ಅದರಲ್ಲಿರೋರಿಗೆ ಗೊತ್ತೂ ಆಗಲ್ಲ.”

“ಪುಟ್ಟಿಗೂ ಗೊತ್ತಾಗಿರ್ಲಿಲ್ಲ.”

ಅವರ ಹೆಬ್ಬೆರಳು ಚಕ್ರದಿಂದ ಹಿಂದೆ ಸರಿಯಿತು. ಒಳಗೆ ಪುಟ್ಟಿ ಬಟ್ಟೆ ಹಿಂಡುತ್ತಾ ಯಾವುದೋ ಹಾಡನ್ನು ತಪ್ಪು ತಪ್ಪಾಗಿ ಗುನುಗುತ್ತಿದ್ದಳು. ಅವಳು ಗಂಡನನ್ನು ಕಳೆದುಕೊಂಡು, ಪೆಟ್ಟಿಗೆ ಹಿಡಿದು ಈ ಬಾಗಿಲಿಗೆ ಬಂದದ್ದೂ ಆ ಹದಿನಾರು ವರ್ಷದೊಳಗೇ.

ಅಕ್ಕ ಬೆರಳು ಹೊರತೆಗೆದಳು. ಜೇಬಿನಲ್ಲಿ ಒಂದು ಗುಂಡಿ ಸಿಕ್ಕಿತ್ತು. ಅದನ್ನು ತಟ್ಟೆಗೆ ಹಾಕಿ, ತುಟಿ ಅಲುಗಿಸಿ, ಆಮೇಲೆ ಕೈಮಡಿಕೆಯನ್ನು ಒಂದೇ ಬೆರಳಿನಿಂದ ಅವರ ಕಡೆಗೆ ಸರಿಸಿದಳು.

“ಬೇಡಪ್ಪಾ. ನೀವು ಒಳ್ಳೆ ಮನಸ್ಸಿಂದ ಹೇಳಿದ್ರಿ, ಅದು ಸಾಕು. ಅಮ್ಮ ಕರೆದಾಗ ನಾನು ಹೋಗ್ಲಿಲ್ಲ. ಅದು ನಂಗೂ ಅವಳಿಗೂ ಇರೋ ವಿಷಯ, ದೇವರ ಹತ್ರ ಅವಳು ಸಿಕ್ಕಿದಾಗ ಕಾಲಿಗೆ ಬೀಳ್ತೀನಿ. ಆದ್ರೆ ಹದಿನಾರು ವರ್ಷ ಮಡಚಿದ್ರೆ ಅದರೊಳಗೆ ಎಷ್ಟು ಮನೆ, ಎಷ್ಟು ಬಾಗಿಲು. ಯಾರ್ಯಾರು ಯಾರನ್ನ ಕರೆಯೋಕೆ ಬಾಯಿ ತೆಗೆದಿರ್ತಾರೋ.”

“ಅಕ್ಕಾ” ಎಂದಳು ಪುಟ್ಟಿ ಒಳಗಿನಿಂದ, “ಬಟ್ಟೆ ನೀಲಿ ಎಲ್ಲಿಟ್ಟಿದೀಯ?”

“ಬಂದೆ” ಎಂದಳು ಅಕ್ಕ. ಅಳತೆಯವರ ಕೋಟಿನ ಎರಡನೆಯ ತೋಳು ಇನ್ನೂ ಸುಕ್ಕಾಗಿಯೇ ಮೇಜಿನ ಮೇಲಿತ್ತು. “ನಾಳೆ ಬನ್ನಿ” ಎಂದು ಅವರಿಗೆ ಹೇಳಿ ಅವಳು ಬಾಗಿಲು ದಾಟಿದಳು.